ವಿಚಾರಣೆಗೆ ಮುನ್ನವೇ ಕ್ರಿಮಿನಲ್ ದೂರನ್ನು ರದ್ದುಪಡಿಸಲು ಕೋರುವುದು ಹೇಗೆ: ಕಾಸರಗೋಡಿನ ಕನ್ನಡಿಗರಿಗೆ ಸಮಗ್ರ ಮಾರ್ಗದರ್ಶಿ

ಅಡಿಕೆ ವ್ಯಾಪಾರದ ಬಾಕಿ, ತೋಟದ ಗಡಿ, ಪಾಲುದಾರಿಕೆಯ ಲೆಕ್ಕ, ಸಂಸಾರದೊಳಗಿನ ಕಲಹ, ಇವುಗಳಲ್ಲಿ ಯಾವುದಾದರೊಂದು ಠಾಣೆಯ ಮೆಟ್ಟಿಲೇರಿ ಕ್ರಿಮಿನಲ್ ಪ್ರಕರಣವಾದಾಗ ಆರೋಪಿಯ ಸ್ಥಾನದಲ್ಲಿ ನಿಂತವರು ವಕೀಲರಲ್ಲಿ ಮೊದಲು ಕೇಳುವುದು, ‘ಇದನ್ನು ಹೈಕೋರ್ಟಿನಲ್ಲಿ ಕ್ವಾಶ್ ಮಾಡಿಸಬಹುದೇ’ ಎಂದು. ಕಾನೂನಿನಲ್ಲಿ ಅದಕ್ಕೆ ದಾರಿ ಇದೆ. ಆದರೆ ಆ ದಾರಿ ಯಾರಿಗೆ ತೆರೆದಿದೆ ಎಂಬ ಬಗ್ಗೆ ಬಹಳ ತಪ್ಪು ಕಲ್ಪನೆಗಳಿವೆ. ‘ದೂರು ಸುಳ್ಳು, ನನ್ನ ಬಳಿ ಸಾಕ್ಷಿಗಳಿದ್ದಾರೆ’ ಎಂಬುದು ರದ್ದತಿಗೆ ಸಾಮಾನ್ಯವಾಗಿ ಸಾಕಾಗುವುದಿಲ್ಲ; ಯಾರು ನಿಜ ಹೇಳುತ್ತಿದ್ದಾರೆ ಎಂಬುದನ್ನು ತೀರ್ಮಾನಿಸಬೇಕಾದದ್ದು ವಿಚಾರಣಾ ನ್ಯಾಯಾಲಯ. ಉಚ್ಚ ನ್ಯಾಯಾಲಯ ಕೇಳುವ ಪ್ರಶ್ನೆ ಬೇರೆ: ದೂರಿನಲ್ಲಿ ಬರೆದದ್ದೆಲ್ಲವೂ ನಿಜವೆಂದೇ ಇಟ್ಟುಕೊಂಡರೂ ಅದರಿಂದ ಅಪರಾಧವೊಂದು ಆಗುತ್ತದೆಯೇ, ಮತ್ತು ಆ ಪ್ರಕರಣವನ್ನು ಮುಂದುವರಿಸಲು ಕಾನೂನಿನ ಅಡ್ಡಿ ಏನಾದರೂ ಇದೆಯೇ? ಈ ಒಂದು ವ್ಯತ್ಯಾಸ ಮನಸ್ಸಿಗೆ ಇಳಿದರೆ ಮುಂದಿನ ಹೆಜ್ಜೆಗಳೆಲ್ಲ ತಾವಾಗಿ ಅರ್ಥವಾಗುತ್ತವೆ.

ಯಾವ ನ್ಯಾಯಾಲಯ, ಯಾವ ಕಲಂ

2024ರ ಜುಲೈ 1ರಿಂದ ದಂಡ ಪ್ರಕ್ರಿಯಾ ಸಂಹಿತೆಯ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. ಹಳೆಯ ಸಂಹಿತೆಯ 482ನೇ ಕಲಮಿನಲ್ಲಿದ್ದ ಉಚ್ಚ ನ್ಯಾಯಾಲಯದ ಅಂತರ್ಗತ ಅಧಿಕಾರ, ಅಂದರೆ ಪ್ರಕರಣವನ್ನು ರದ್ದುಪಡಿಸಲು ಅದು ಬಳಸುವ ಅಧಿಕಾರ, ಈಗ 528ನೇ ಕಲಮಿನಲ್ಲಿದೆ. ಹೊಸ ಸಂಹಿತೆಯಲ್ಲಿಯೂ 482 ಎಂಬ ಕಲಂ ಇರುವುದರಿಂದ ಜನರು ಗೊಂದಲಕ್ಕೆ ಬೀಳುತ್ತಾರೆ. ಅದು ನಿರೀಕ್ಷಣಾ ಜಾಮೀನಿಗೆ ಸಂಬಂಧಿಸಿದ್ದು, ರದ್ದತಿಗಲ್ಲ. ಇನ್ನೊಂದು ಎಚ್ಚರ: ಘಟನೆ 2024ರ ಜುಲೈ 1ಕ್ಕಿಂತ ಹಿಂದಿನದಾದರೆ ಆರೋಪಗಳು ಹಳೆಯ ಭಾರತೀಯ ದಂಡ ಸಂಹಿತೆಯ ಪ್ರಕಾರವೂ, ಆ ಬಳಿಕದ್ದಾದರೆ ಭಾರತೀಯ ನ್ಯಾಯ ಸಂಹಿತೆಯ ಪ್ರಕಾರವೂ ಇರುತ್ತವೆ.

ಈ ಅಧಿಕಾರ ಇರುವುದು ಉಚ್ಚ ನ್ಯಾಯಾಲಯಕ್ಕೆ ಮಾತ್ರ. ಕಾಸರಗೋಡಿನ ವಿದ್ಯಾನಗರದಲ್ಲಿರುವ ಜಿಲ್ಲಾ ಮತ್ತು ಸೆಷನ್ಸ್ ನ್ಯಾಯಾಲಯವಾಗಲಿ, ಕಾಸರಗೋಡು ಅಥವಾ ಹೊಸದುರ್ಗದ ಮ್ಯಾಜಿಸ್ಟ್ರೇಟ್ ನ್ಯಾಯಾಲಯಗಳಾಗಲಿ 528ನೇ ಕಲಮಿನ ಅರ್ಜಿಯನ್ನು ಸ್ವೀಕರಿಸಲಾರವು. ಮಂಜೇಶ್ವರ, ಕುಂಬಳೆ, ಬದಿಯಡ್ಕ, ಆದೂರು ಮುಂತಾದ ಠಾಣೆಗಳಲ್ಲಿ ದಾಖಲಾದ ಪ್ರಕರಣಗಳಿಗೆ ಎರ್ನಾಕುಳಂನಲ್ಲಿರುವ ಕೇರಳ ಉಚ್ಚ ನ್ಯಾಯಾಲಯವೇ ಗತಿ. ಅಲ್ಲಿ ಈ ಅರ್ಜಿಗೆ ಕ್ರಿಮಿನಲ್ ಎಂ.ಸಿ. (ಕ್ರಿಮಿನಲ್ ಮಿಸಲೇನಿಯಸ್ ಕೇಸ್) ಎಂಬ ಹೆಸರಿದೆ.

ಗಡಿಯ ಜನರಿಗೆ ಇಲ್ಲೊಂದು ವಿಷಯ ಸ್ಪಷ್ಟವಾಗಿರಬೇಕು. ನೀವು ಎಲ್ಲಿ ವಾಸವಾಗಿದ್ದೀರಿ ಎಂಬುದು ಮುಖ್ಯವಲ್ಲ, ಪ್ರಕರಣ ಎಲ್ಲಿ ದಾಖಲಾಗಿದೆ ಎಂಬುದು ಮುಖ್ಯ. ಮಂಜೇಶ್ವರದ ನಿವಾಸಿಯ ಮೇಲೆ ಕೊಣಾಜೆ, ಉಳ್ಳಾಲ ಅಥವಾ ವಿಟ್ಲ ಠಾಣೆಯಲ್ಲಿ ಪ್ರಕರಣ ದಾಖಲಾದರೆ ಹೋಗಬೇಕಾದದ್ದು ಕರ್ನಾಟಕ ಉಚ್ಚ ನ್ಯಾಯಾಲಯಕ್ಕೆ. ದಕ್ಷಿಣ ಕನ್ನಡ ಜಿಲ್ಲೆಯು ಬೆಂಗಳೂರಿನ ಪ್ರಧಾನ ಪೀಠದ ವ್ಯಾಪ್ತಿಗೆ ಬರುತ್ತದೆ, ಧಾರವಾಡಕ್ಕಲ್ಲ. ಕರ್ನಾಟಕದಲ್ಲಿ ಇದೇ ಅರ್ಜಿಯನ್ನು ಕ್ರಿಮಿನಲ್ ಪಿಟಿಷನ್ ಎನ್ನುತ್ತಾರೆ. ಸೊಲ್ಲಾಪುರ, ಸಾಂಗ್ಲಿ ಜಿಲ್ಲೆಗಳ ಕನ್ನಡಿಗರಿಗೆ 2025ರ ಆಗಸ್ಟಿನಲ್ಲಿ ಆರಂಭವಾದ ಬಾಂಬೆ ಉಚ್ಚ ನ್ಯಾಯಾಲಯದ ಕೊಲ್ಹಾಪುರ ಪೀಠ ಹತ್ತಿರವಾಗಿದೆ. ಕಾಸರಗೋಡಿನವರಿಗೆ ಅಂಥ ಅನುಕೂಲವಿಲ್ಲ. ಮುನ್ನೂರು ಕಿಲೋಮೀಟರಿಗೂ ಮಿಕ್ಕ ದೂರ ಹೋಗಬೇಕು. ಆದರೆ ಈ ಅರ್ಜಿಯಲ್ಲಿ ಸಾಕ್ಷಿಗಳ ವಿಚಾರಣೆ ಇಲ್ಲದ ಕಾರಣ, ನ್ಯಾಯಾಲಯ ನಿರ್ದಿಷ್ಟವಾಗಿ ಕರೆಯದ ಹೊರತು ಅರ್ಜಿದಾರರು ಪ್ರತಿ ದಿನಾಂಕಕ್ಕೆ ಎರ್ನಾಕುಳಂಗೆ ಹೋಗಬೇಕಾಗಿಲ್ಲ. ಕಾಸರಗೋಡಿನ ವಕೀಲರೊಬ್ಬರು ದಾಖಲೆ ಸಿದ್ಧಪಡಿಸಿ, ಎರ್ನಾಕುಳಂನ ವಕೀಲರೊಬ್ಬರು ವಾದಿಸುವ ಏರ್ಪಾಡು ಸಾಮಾನ್ಯ.

ಮೊದಲ ಕೆಲಸ: ದಾಖಲೆಗಳು, ಅವುಗಳ ನಿಖರವಾದ ಅನುವಾದ

ಎಫ್‌ಐಆರ್‌ನ ಪ್ರತಿ ಇಲ್ಲದೆ ಒಂದು ಹೆಜ್ಜೆಯೂ ಮುಂದಿಡಲಾಗದು. ಸರ್ವೋಚ್ಚ ನ್ಯಾಯಾಲಯದ 2016ರ ಯೂತ್ ಬಾರ್ ಅಸೋಸಿಯೇಷನ್ ತೀರ್ಪಿನ ಪ್ರಕಾರ, ಲೈಂಗಿಕ ಅಪರಾಧ, ಭಯೋತ್ಪಾದನೆಯಂಥ ಸೂಕ್ಷ್ಮ ಪ್ರಕರಣಗಳನ್ನು ಬಿಟ್ಟು ಉಳಿದ ಎಫ್‌ಐಆರ್‌ಗಳನ್ನು ಪೊಲೀಸರು ಜಾಲತಾಣದಲ್ಲಿ ಹಾಕಬೇಕು. ಕೇರಳ ಪೊಲೀಸರ ‘ತುಣ’ ತಾಣದಲ್ಲಿ ಠಾಣೆ, ವರ್ಷ ಮತ್ತು ಕ್ರೈಂ ನಂಬರ್ ಕೊಟ್ಟು ಅದನ್ನು ಪಡೆಯಬಹುದು. ಅಲ್ಲಿ ಸಿಗದಿದ್ದರೆ ಠಾಣಾಧಿಕಾರಿಗೆ ಅರ್ಜಿ ಕೊಡಿ, ಅಥವಾ ಎಫ್‌ಐಆರ್ ತಲುಪಿರುವ ಮ್ಯಾಜಿಸ್ಟ್ರೇಟ್ ನ್ಯಾಯಾಲಯದಿಂದ ವಕೀಲರ ಮೂಲಕ ದೃಢೀಕೃತ ನಕಲು ಪಡೆಯಿರಿ. ಠಾಣೆಗೆ ಕೊಡುವ ಅರ್ಜಿ ಕನ್ನಡದಲ್ಲಿಯೇ ಇರಬಹುದು; ಸಂವಿಧಾನದ 350ನೇ ವಿಧಿ ಆ ಹಕ್ಕನ್ನು ಕೊಟ್ಟಿದೆ, ಭಾಷಾ ಅಲ್ಪಸಂಖ್ಯಾತರಾದ ಕನ್ನಡಿಗರು ಸರ್ಕಾರದೊಂದಿಗೆ ತಮ್ಮ ಭಾಷೆಯಲ್ಲಿ ವ್ಯವಹರಿಸಲು ಕೇರಳದ 1969ರ ಆಡಳಿತ ಭಾಷಾ ಕಾಯ್ದೆಯೂ ಅವಕಾಶ ನೀಡಿದೆ. ಎಫ್‌ಐಆರ್‌ನ ಅಚ್ಚಿನ ನಮೂನೆಯಷ್ಟೇ ಸಾಲದು. ಅದಕ್ಕೆ ಲಗತ್ತಾದ, ದೂರುದಾರರು ಕೊಟ್ಟ ಪ್ರಥಮ ಹೇಳಿಕೆಯ ಪೂರ್ಣ ಪಾಠ ಬೇಕು. ಆರೋಪಪಟ್ಟಿ ಸಲ್ಲಿಕೆಯಾಗಿದ್ದರೆ ಅಂತಿಮ ವರದಿ, ಸಾಕ್ಷಿಗಳ ಹೇಳಿಕೆಗಳು, ಮಹಜರು ಮತ್ತು ವೈದ್ಯಕೀಯ ವರದಿಗಳನ್ನೂ ಸಂಗ್ರಹಿಸಬೇಕು. ಮ್ಯಾಜಿಸ್ಟ್ರೇಟರ ಮುಂದೆ ನೇರವಾಗಿ ಹೂಡಿದ ಖಾಸಗಿ ದೂರಾದರೆ ದೂರಿನ ಪ್ರತಿ, ದೂರುದಾರರ ಪ್ರಮಾಣೀಕೃತ ಹೇಳಿಕೆ ಮತ್ತು ಸಮನ್ಸ್ ಹೊರಡಿಸಿದ ಆದೇಶ ಮುಖ್ಯ.

ಕಾಸರಗೋಡಿನಲ್ಲಿ ಈ ಕಾಗದಗಳು ಬಹುಪಾಲು ಮಲೆಯಾಳದಲ್ಲಿರುತ್ತವೆ. ಕನ್ನಡ ಶಾಲೆಯಲ್ಲಿ ಓದಿದ ಅನೇಕರು ಮಲೆಯಾಳವನ್ನು ಚೆನ್ನಾಗಿ ಮಾತನಾಡಬಲ್ಲರು, ಆದರೆ ಪೊಲೀಸ್ ದಾಖಲೆಯ ಕೈಬರಹವನ್ನು ಓದಿ ಪೂರ್ತಿ ಗ್ರಹಿಸುವುದು ಕಷ್ಟ. ಯಾರೋ ಬಾಯಿಮಾತಿನಲ್ಲಿ ಹೇಳಿದ ಸಾರಾಂಶವನ್ನು ನಂಬಿ ಅರ್ಜಿ ಹಾಕಲು ಹೊರಡಬೇಡಿ. ಇಡೀ ಪ್ರಕರಣ ನಿಂತಿರುವುದು ದೂರಿನ ವಾಕ್ಯಗಳ ಮೇಲಾದ್ದರಿಂದ, ವಾಕ್ಯಕ್ಕೆ ವಾಕ್ಯದಂತೆ ಕನ್ನಡಕ್ಕೆ ಬರೆಸಿಕೊಂಡು ನೀವೇ ಓದಬೇಕು. ಉಚ್ಚ ನ್ಯಾಯಾಲಯದ ಭಾಷೆ ಇಂಗ್ಲಿಷ್ ಆದ್ದರಿಂದ ಕನ್ನಡದಲ್ಲಿರುವ ಒಪ್ಪಂದ, ಕೈಬರಹದ ರಶೀದಿ, ಪತ್ರಗಳನ್ನು ಇಂಗ್ಲಿಷ್ ಅನುವಾದದೊಂದಿಗೆ ಸಲ್ಲಿಸಬೇಕಾಗುತ್ತದೆ. ಆ ಅನುವಾದವನ್ನೂ ನೀವೇ ಮೂಲದೊಂದಿಗೆ ಹೋಲಿಸಿ ನೋಡಿ. ನಿಮ್ಮ ಕಾಗದದಲ್ಲಿ ಏನಿದೆ ಎಂಬುದು ನಿಮಗೆ ಗೊತ್ತಿರುವಷ್ಟು ಎರ್ನಾಕುಳಂನ ವಕೀಲರಿಗೆ ಗೊತ್ತಿರಲಾರದು.

ಬಂಧನದ ಭೀತಿ ಇದ್ದರೆ

ರದ್ದತಿ ಅರ್ಜಿ ಹಾಕಿದ ಮಾತ್ರಕ್ಕೆ ಬಂಧನದಿಂದ ರಕ್ಷಣೆ ಸಿಗುವುದಿಲ್ಲ. 2021ರ ಏಪ್ರಿಲಿನ ನೀಹಾರಿಕಾ ಇನ್‌ಫ್ರಾಸ್ಟ್ರಕ್ಚರ್ ತೀರ್ಪಿನಲ್ಲಿ ಸರ್ವೋಚ್ಚ ನ್ಯಾಯಾಲಯವು, ತನಿಖೆ ನಡೆಯುತ್ತಿರುವಾಗ ‘ಬಲವಂತದ ಕ್ರಮ ಕೈಗೊಳ್ಳಬಾರದು’ ಎಂಬ ಮಧ್ಯಂತರ ಆದೇಶವನ್ನು ಕಾರಣ ಬರೆಯದೆ, ವಾಡಿಕೆಯಂತೆ ನೀಡಬಾರದು ಎಂದು ಹೇಳಿದೆ. ಆದ್ದರಿಂದ ಬಂಧನದ ಸಾಧ್ಯತೆ ಇರುವ ಪ್ರಕರಣದಲ್ಲಿ ಮೊದಲು ಹೊಸ ಸಂಹಿತೆಯ 482ನೇ ಕಲಮಿನ ಪ್ರಕಾರ ನಿರೀಕ್ಷಣಾ ಜಾಮೀನು ಕೋರಿ. ಅದನ್ನು ಕಾಸರಗೋಡಿನ ಸೆಷನ್ಸ್ ನ್ಯಾಯಾಲಯದಲ್ಲಿಯೇ ಕೇಳಬಹುದು. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಪೊಲೀಸರು ಬಂಧಿಸುವ ಬದಲು 35ನೇ ಕಲಮಿನ ನೋಟಿಸ್ ಕೊಟ್ಟು ಕರೆಯಬಹುದು. ಅಂಥ ನೋಟಿಸ್ ಬಂದರೆ ತಪ್ಪದೆ ಹಾಜರಾಗಿ, ಹಾಜರಾದದ್ದಕ್ಕೆ ದಾಖಲೆ ಇಟ್ಟುಕೊಳ್ಳಿ. ನ್ಯಾಯಾಲಯದಿಂದ ಸಮನ್ಸ್ ಬಂದಿದ್ದರೆ, ಉಚ್ಚ ನ್ಯಾಯಾಲಯದ ತಡೆಯಾಜ್ಞೆ ಕೈಗೆ ಬರುವ ತನಕ ಮ್ಯಾಜಿಸ್ಟ್ರೇಟರ ಮುಂದಿನ ದಿನಾಂಕಗಳನ್ನು ತಪ್ಪಿಸಬಾರದು. ಅಗತ್ಯವಿದ್ದರೆ 228ನೇ ಕಲಮಿನ ಪ್ರಕಾರ ಖುದ್ದು ಹಾಜರಿಯಿಂದ ವಿನಾಯಿತಿ ಕೇಳಬಹುದು. ಎರ್ನಾಕುಳಂನಲ್ಲಿ ಅರ್ಜಿ ಇದೆ ಎಂದು ಇಲ್ಲಿ ಗೈರಾಗಿ ವಾರಂಟ್ ಹೊರಡುವಂತೆ ಮಾಡಿಕೊಂಡರೆ ಆ ಅರ್ಜಿಗೇ ಧಕ್ಕೆ.

ದೂರನ್ನು ಓದುವ ಬಗೆ

ಇದು ಇಡೀ ಕೆಲಸದ ಜೀವಾಳ. ದೂರಿನಲ್ಲಿ ಹೇಳಿರುವ ಪ್ರತಿ ಕಲಮಿಗೆ ಕಾನೂನು ಯಾವ ಯಾವ ಅಂಶಗಳನ್ನು ಬೇಡುತ್ತದೆ ಎಂದು ಒಂದು ಹಾಳೆಯ ಎಡಭಾಗದಲ್ಲಿ ಬರೆದು, ಆ ಅಂಶವನ್ನು ಹೇಳುವ ದೂರಿನ ವಾಕ್ಯವನ್ನು ಬಲಭಾಗದಲ್ಲಿ ಬರೆಯಿರಿ. ಬಲಭಾಗ ಎಲ್ಲಿ ಖಾಲಿ ಉಳಿಯುತ್ತದೆಯೋ ಅಲ್ಲಿಯೇ ನಿಮ್ಮ ವಾದ ಇದೆ. ಎಲ್ಲಿಯೂ ಖಾಲಿ ಉಳಿಯದಿದ್ದರೆ, ದೂರು ಎಷ್ಟೇ ಸುಳ್ಳಾಗಿದ್ದರೂ ರದ್ದತಿ ಕಷ್ಟ ಎಂದು ತಿಳಿಯಬೇಕು.

ಬದಿಯಡ್ಕದ ಕಡೆಯ ಒಬ್ಬ ಅಡಿಕೆ ವ್ಯಾಪಾರಿಯ ಕಲ್ಪಿತ ಉದಾಹರಣೆ ತೆಗೆದುಕೊಳ್ಳೋಣ. ಅವರು ಕೃಷಿಕರೊಬ್ಬರಿಂದ ನಾಲ್ಕು ವರ್ಷ ಅಡಿಕೆ ಕೊಂಡು ಹಣ ಕೊಡುತ್ತಾ ಬಂದಿದ್ದಾರೆ. ಐದನೆಯ ವರ್ಷ ಧಾರಣೆ ಕುಸಿದು, ಅರ್ಧ ಹಣ ಕೊಟ್ಟು ಉಳಿದದ್ದನ್ನು ಬಾಕಿ ಇಟ್ಟರು. ಕೃಷಿಕರು ವಂಚನೆ ಮತ್ತು ನಂಬಿಕೆ ದ್ರೋಹದ ದೂರು ಕೊಟ್ಟರು. ವಂಚನೆ, ಅಂದರೆ ಭಾರತೀಯ ನ್ಯಾಯ ಸಂಹಿತೆಯ 318ನೇ ಕಲಂ, ಬೇಡುವುದು ವ್ಯವಹಾರ ಆರಂಭವಾಗುವಾಗಲೇ ಮೋಸದ ಉದ್ದೇಶ ಇತ್ತು ಎಂಬುದನ್ನು. ಹೃದಯ ರಂಜನ್ ಪ್ರಸಾದ್ ವರ್ಮಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ 2000ರಲ್ಲಿಯೇ ಇದನ್ನು ಸ್ಪಷ್ಟಪಡಿಸಿದೆ. ಮಾತು ಕೊಟ್ಟು ಆಮೇಲೆ ತಪ್ಪಿದ್ದು ಒಪ್ಪಂದದ ಉಲ್ಲಂಘನೆಯೇ ಹೊರತು ತನ್ನಷ್ಟಕ್ಕೆ ವಂಚನೆಯಲ್ಲ. ಇನ್ನು 316ನೇ ಕಲಮಿನ ನಂಬಿಕೆ ದ್ರೋಹ ಬೇಡುವುದು ವಸ್ತುವನ್ನು ಒಪ್ಪಿಸಿ ಇಟ್ಟಿದ್ದನ್ನು. ಮಾರಿದ ಅಡಿಕೆ ಕೊಂಡವರ ಸ್ವತ್ತಾಗುತ್ತದೆ, ಒಪ್ಪಿಸಿ ಇಟ್ಟದ್ದಾಗುವುದಿಲ್ಲ. ಒಂದೇ ಸಂಗತಿಯ ಮೇಲೆ ಈ ಎರಡೂ ಅಪರಾಧ ಒಟ್ಟಿಗೆ ನಿಲ್ಲಲಾರವು ಎಂದು 2024ರ ಡೆಲ್ಲಿ ರೇಸ್ ಕ್ಲಬ್ ತೀರ್ಪು ಹೇಳಿದೆ. ಇಲ್ಲಿ ಬಲಭಾಗ ಎರಡೂ ಕಡೆ ಖಾಲಿ. ಬಾಕಿಗೆ ಸಿವಿಲ್ ದಾವೆಯೇ ದಾರಿ. ಆದರೆ ಅದೇ ವ್ಯಾಪಾರಿ ಇಲ್ಲದ ಗೋದಾಮಿನ ವಿಳಾಸ ತೋರಿಸಿ ಮೊದಲ ಸಲವೇ ಮಾಲು ಒಯ್ದಿದ್ದರೆ ಮತ್ತು ದೂರಿನಲ್ಲಿ ಅದು ಬರೆದಿದ್ದರೆ, ವ್ಯವಹಾರ ಸಿವಿಲ್ ಸ್ವರೂಪದ್ದೆಂಬ ವಾದ ನಿಲ್ಲದು. ಒಂದೇ ಘಟನೆ ಸಿವಿಲ್ ತಕರಾರೂ ಅಪರಾಧವೂ ಆಗಿರಬಹುದು.

ರದ್ದತಿಗೆ ಆಧಾರವಾದ ಸಂದರ್ಭಗಳನ್ನು ಸರ್ವೋಚ್ಚ ನ್ಯಾಯಾಲಯವು ಭಜನ್ ಲಾಲ್ ಪ್ರಕರಣದಲ್ಲಿ 1990ರಲ್ಲಿ ಏಳು ಬಗೆಯಾಗಿ ವಿವರಿಸಿತು. ಇಂದಿಗೂ ಎಲ್ಲ ವಾದ ಅಲ್ಲಿಂದಲೇ ಹೊರಡುತ್ತದೆ. ಆರೋಪಗಳನ್ನು ಇದ್ದಂತೆಯೇ ಒಪ್ಪಿದರೂ ಅಪರಾಧ ಆಗದಿರುವುದು, ಎಫ್‌ಐಆರ್ ಮತ್ತು ಅದರ ಜೊತೆಗಿನ ಕಾಗದಗಳು ಪೊಲೀಸರು ನೇರವಾಗಿ ತನಿಖೆ ಮಾಡಬಹುದಾದ ಸಂಜ್ಞೇಯ ಅಪರಾಧವನ್ನು ತೋರಿಸದಿರುವುದು, ಸಂಗ್ರಹಿಸಿದ ಸಾಕ್ಷ್ಯವನ್ನು ಸೇರಿಸಿ ನೋಡಿದರೂ ಅಪರಾಧ ಕಾಣದಿರುವುದು, ಅಸಂಜ್ಞೇಯ ಅಪರಾಧವನ್ನು ಮ್ಯಾಜಿಸ್ಟ್ರೇಟರ ಆದೇಶವಿಲ್ಲದೆ ಪೊಲೀಸರು ತನಿಖೆ ಮಾಡಿರುವುದು, ಯಾವ ವಿವೇಕಿಯೂ ನಂಬಲಾರದಷ್ಟು ಆರೋಪ ಅಸಂಬದ್ಧವಾಗಿರುವುದು, ಕಾನೂನಿನಲ್ಲಿ ಸ್ಪಷ್ಟ ನಿರ್ಬಂಧ ಇರುವುದು, ಕೊನೆಯದಾಗಿ ಹಗೆ ತೀರಿಸಲೆಂದೇ ದುರುದ್ದೇಶದಿಂದ ಪ್ರಕರಣ ಹೂಡಿರುವುದು. ನಿರ್ಬಂಧಗಳನ್ನು ವಿಶೇಷವಾಗಿ ಪರಿಶೀಲಿಸಿ, ಏಕೆಂದರೆ ಅವು ಕಾಗದದಿಂದಲೇ ಸಾಬೀತಾಗುತ್ತವೆ: ನಾಗರಿಕ ಸುರಕ್ಷಾ ಸಂಹಿತೆಯ 514ನೇ ಕಲಮಿನ ಕಾಲಮಿತಿ ಮೀರಿದೆಯೇ, ಸರ್ಕಾರಿ ನೌಕರರ ಮೇಲಿನ ಪ್ರಕರಣಕ್ಕೆ 218ನೇ ಕಲಮಿನ ಅನುಮತಿ ಇದೆಯೇ, 215ನೇ ಕಲಮಿನ ಪ್ರಕಾರ ನಿರ್ದಿಷ್ಟ ಅಧಿಕಾರಿಯೇ ಕೊಡಬೇಕಾದ ಲಿಖಿತ ದೂರನ್ನು ಬೇರೆಯವರು ಕೊಟ್ಟಿದ್ದಾರೆಯೇ.

ದುರುದ್ದೇಶದ ವಾದದ ಬಗ್ಗೆ ನನ್ನ ಅಭಿಪ್ರಾಯ ಹೇಳಬೇಕು. ಜನರು ಅತಿ ಹೆಚ್ಚು ನೆಚ್ಚಿಕೊಳ್ಳುವುದು ಇದನ್ನೇ, ಒಂಟಿಯಾಗಿ ಅತಿ ಕಡಿಮೆ ಫಲಿಸುವುದೂ ಇದೇ. ದೂರಿನಲ್ಲಿ ಅಪರಾಧದ ಅಂಶಗಳೆಲ್ಲ ಇದ್ದರೆ ದೂರುದಾರರಿಗೆ ನಿಮ್ಮ ಮೇಲೆ ಹಗೆ ಇದೆ ಎಂಬುದರಿಂದ ಮಾತ್ರ ಪ್ರಕರಣ ಬಿದ್ದುಹೋಗುವುದಿಲ್ಲ. ಅಂಶಗಳ ಕೊರತೆಯೊಂದಿಗೆ, ಹಿಂದಿನ ಸಿವಿಲ್ ದಾವೆ, ವಕೀಲರ ನೋಟಿಸ್, ದೂರು ಕೊಡಲು ಆದ ಅಕಾರಣ ವಿಳಂಬ ಇವುಗಳ ದಿನಾಂಕಗಳನ್ನು ಜೋಡಿಸಿದಾಗ ಮಾತ್ರ ಅದಕ್ಕೆ ಬಲ ಬರುತ್ತದೆ. ಅಂಥ ಸಂದರ್ಭದಲ್ಲಿ ಸಾಲುಗಳ ನಡುವೆಯೂ ಓದಬೇಕೆಂದು ಮಹಮೂದ್ ಅಲಿ ಪ್ರಕರಣದಲ್ಲಿ 2023ರಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿದೆ.

ವರದಕ್ಷಿಣೆ ಕಿರುಕುಳದ ದೂರುಗಳಲ್ಲಿ ಪತಿಯ ಜೊತೆ ದೂರದ ಊರಿನ ನಾದಿನಿ, ಮೈದುನ, ಚಿಕ್ಕಪ್ಪ ಎಲ್ಲರ ಹೆಸರೂ ಸೇರಿರುವುದುಂಟು. ಯಾರು, ಯಾವಾಗ, ಏನು ಮಾಡಿದರು ಎಂದು ಹೇಳದ ಸಾರಾಸಗಟು ಆರೋಪದ ಮೇಲೆ ಸಂಬಂಧಿಕರನ್ನು ವಿಚಾರಣೆಗೆ ಎಳೆಯಬಾರದೆಂದು 2012ರ ಗೀತಾ ಮೆಹ್ರೋತ್ರಾ ಮತ್ತು 2022ರ ಕಹಕಶಾನ್ ಕೌಸರ್ ತೀರ್ಪುಗಳು ಹೇಳುತ್ತವೆ. ಹಾಗಿದ್ದಾಗ ಎಲ್ಲರೂ ಒಂದೇ ಅರ್ಜಿಯಲ್ಲಿ ಸೇರದೆ, ನಿರ್ದಿಷ್ಟ ಆರೋಪವಿಲ್ಲದವರು ಪ್ರತ್ಯೇಕ ಅರ್ಜಿ ಹಾಕುವುದು ಒಳ್ಳೆಯದು. ಪತಿಯ ಮೇಲೆ ನಿರ್ದಿಷ್ಟ ಆರೋಪ ಇದ್ದರೆ ಅದರ ಭಾರ ಉಳಿದವರ ವಾದವನ್ನೂ ಕುಗ್ಗಿಸುತ್ತದೆ. ಅದೇ ವೇಳೆ, ನಿಜವಾಗಿ ನೊಂದ ಹೆಣ್ಣುಮಗಳ ದೂರನ್ನು ಅದುಮಲು ಈ ತೀರ್ಪುಗಳು ಇರುವುದಲ್ಲ. ದಿನಾಂಕ, ಸ್ಥಳ, ಕೃತ್ಯ ಹೇಳಿದ ದೂರಿಗೆ ಅವು ಅನ್ವಯಿಸುವುದಿಲ್ಲ.

ನಿಮ್ಮ ಕಡೆಯ ದಾಖಲೆಗಳನ್ನು ನ್ಯಾಯಾಲಯ ನೋಡುತ್ತದೆಯೇ? ಸಾಮಾನ್ಯವಾಗಿ ಇಲ್ಲ. ಆದರೆ ಸಂದೇಹಕ್ಕೆ ಎಡೆಯಿಲ್ಲದಷ್ಟು ಗಟ್ಟಿಯಾದ, ಎದುರು ಪಕ್ಷ ಅಲ್ಲಗಳೆಯಲಾಗದ ದಾಖಲೆ ದೂರಿನ ಬುಡವನ್ನೇ ಕೆಡಹುವಂತಿದ್ದರೆ ಅದನ್ನು ಪರಿಗಣಿಸಬಹುದೆಂದು 2013ರ ರಾಜೀವ್ ಥಾಪರ್ ತೀರ್ಪು ತಿಳಿಸಿದೆ. ಘಟನೆಯ ದಿನ ನೀವು ದುಬಾಯಿಯಲ್ಲಿದ್ದಿರಿ ಎಂಬುದಕ್ಕೆ ಪಾಸ್‌ಪೋರ್ಟಿನ ಮುದ್ರೆ, ನೋಂದಾಯಿತ ಕ್ರಯಪತ್ರ, ದೂರುದಾರರೇ ಸಹಿ ಮಾಡಿದ ರಶೀದಿ, ಸಿವಿಲ್ ನ್ಯಾಯಾಲಯದ ಆದೇಶ ಇಂಥವು ಈ ಸಾಲಿಗೆ ಬರಬಹುದು. ನೆರೆಯವರ ಪ್ರಮಾಣಪತ್ರಗಳು ಬರಲಾರವು.

ಯಾವ ಹಂತದಲ್ಲಿ ಹೋಗಬೇಕು

ಎಫ್‌ಐಆರ್ ಆದ ಕೂಡಲೇ ಹೋದರೆ, ತನಿಖೆ ಮುಗಿಯಲಿ ಎಂದು ನ್ಯಾಯಾಲಯ ಹೇಳುವ ಸಂಭವ ಹೆಚ್ಚು. ದೂರಿನ ಮುಖದಲ್ಲಿಯೇ ಕೊರತೆ ಕಾಣುವಂತಿದ್ದರೆ, ಅಥವಾ ಕಾನೂನಿನ ನಿರ್ಬಂಧ ಇದ್ದರೆ ಮಾತ್ರ ಆಗ ಹೋಗಿ. ಅರ್ಜಿ ಬಾಕಿ ಇರುವಾಗ ಆರೋಪಪಟ್ಟಿ ಸಲ್ಲಿಕೆಯಾದರೂ ಅರ್ಜಿ ನಿರರ್ಥಕವಾಗುವುದಿಲ್ಲ ಎಂದು 2018ರ ಆನಂದ್ ಕುಮಾರ್ ಮೊಹತ್ತಾ ತೀರ್ಪಿನಲ್ಲಿದೆ; ಆಗ ಆರೋಪಪಟ್ಟಿಯನ್ನೂ ಪ್ರಶ್ನಿಸುವಂತೆ ಅರ್ಜಿಯನ್ನು ತಿದ್ದಬೇಕು. ಆರೋಪಪಟ್ಟಿ ಬಂದ ಬಳಿಕ ಎಲ್ಲ ಸಾಕ್ಷ್ಯ ಕಣ್ಣ ಮುಂದೆ ಇರುವುದರಿಂದ ಸಾಕ್ಷ್ಯದ ಕೊರತೆಯ ವಾದಕ್ಕೆ ಅದೇ ಸರಿಯಾದ ಸಮಯ. 528ನೇ ಕಲಮಿಗೆ ಕಾಲಮಿತಿ ಇಲ್ಲ. ಆದರೂ ಸಾಕ್ಷಿ ವಿಚಾರಣೆ ಆರಂಭವಾದ ಮೇಲೆ ಹೋದರೆ ತಡವಾಯಿತೆಂಬ ಕಾರಣವೇ ಎದುರಾಗುತ್ತದೆ.

ಆರೋಪಪಟ್ಟಿ ಬಂದ ಹಂತದಲ್ಲಿ ಕಾಸರಗೋಡಿನಲ್ಲಿಯೇ ಇನ್ನೊಂದು ದಾರಿ ಇದೆ ಎಂಬುದನ್ನು ಮರೆಯಬಾರದು. ಪೊಲೀಸ್ ಆರೋಪಪಟ್ಟಿಯ ಮೇಲಿನ ವಾರಂಟ್ ಪ್ರಕರಣದಲ್ಲಿ (ಎರಡು ವರ್ಷಕ್ಕಿಂತ ಹೆಚ್ಚಿನ ಶಿಕ್ಷೆಯ ಅಪರಾಧದಲ್ಲಿ), ದಾಖಲೆಗಳ ಪ್ರತಿ ಸಿಕ್ಕಿದ 60 ದಿನಗಳೊಳಗೆ 262ನೇ ಕಲಮಿನ ಪ್ರಕಾರ ಮ್ಯಾಜಿಸ್ಟ್ರೇಟರಲ್ಲಿ ಡಿಸ್ಚಾರ್ಜ್, ಅಂದರೆ ವಿಚಾರಣೆಗೆ ಮುನ್ನವೇ ಆರೋಪದಿಂದ ಬಿಡುಗಡೆ, ಕೋರಬಹುದು. ಸೆಷನ್ಸ್ ಪ್ರಕರಣದಲ್ಲಿ, ಮ್ಯಾಜಿಸ್ಟ್ರೇಟರು ಅದನ್ನು ಸೆಷನ್ಸ್ ನ್ಯಾಯಾಲಯಕ್ಕೆ ಒಪ್ಪಿಸಿದ ದಿನದಿಂದ 60 ದಿನಗಳೊಳಗೆ 250ನೇ ಕಲಮಿನ ಪ್ರಕಾರ ಕೋರಬಹುದು. ಖರ್ಚು ಕಡಿಮೆ, ಊರಿನ ವಕೀಲರೇ ಸಾಕು. ಸಾಕ್ಷ್ಯದ ಕೊರತೆಯಷ್ಟೇ ನಿಮ್ಮ ವಾದವಾದರೆ ನಾನು ಇದನ್ನೇ ಮೊದಲು ಸೂಚಿಸುತ್ತೇನೆ. ಖಾಸಗಿ ದೂರುಗಳಲ್ಲಿ ಹೊಸ ಸಂಹಿತೆ ಒಂದು ಮಹತ್ವದ ಅವಕಾಶ ಕೊಟ್ಟಿದೆ: 223ನೇ ಕಲಮಿನ ಪ್ರಕಾರ, ಆರೋಪಿಯ ಮಾತು ಕೇಳಲು ಅವಕಾಶ ಕೊಡದೆ ಮ್ಯಾಜಿಸ್ಟ್ರೇಟರು ದೂರನ್ನು ವಿಚಾರಣೆಗೆ ಅಂಗೀಕರಿಸುವಂತಿಲ್ಲ. ಆ ನೋಟಿಸ್ ಬಂದಾಗ ಅಸಡ್ಡೆ ಮಾಡದೆ, ರದ್ದತಿಗೆ ಇಟ್ಟುಕೊಂಡ ವಾದವನ್ನೇ ಅಲ್ಲಿ ಲಿಖಿತವಾಗಿ ಮಂಡಿಸಿ. ಆ ಅವಕಾಶ ಕೊಡದೆ ಸಮನ್ಸ್ ಬಂದಿದ್ದರೆ ಅದೇ ರದ್ದತಿಗೆ ಒಂದು ಆಧಾರ. ಒಮ್ಮೆ ಹೊರಡಿಸಿದ ಸಮನ್ಸನ್ನು ಮ್ಯಾಜಿಸ್ಟ್ರೇಟರೇ ಹಿಂಪಡೆಯಲಾರರು ಎಂಬುದು 2004ರ ಅದಾಲತ್ ಪ್ರಸಾದ್ ತೀರ್ಪಿನಿಂದ ಸ್ಥಿರವಾಗಿದೆ.

ರಾಜಿಯಾಗಿದ್ದರೆ

ಸಾದಾ ಗಾಯ, ಅಕ್ರಮ ತಡೆ, ಅತಿಕ್ರಮ ಪ್ರವೇಶದಂಥವು 359ನೇ ಕಲಮಿನ ಪ್ರಕಾರ ರಾಜಿಯೋಗ್ಯ. ಅವಕ್ಕೆ ಎರ್ನಾಕುಳಂ ಬೇಕಿಲ್ಲ, ಮ್ಯಾಜಿಸ್ಟ್ರೇಟರ ಮುಂದೆಯೇ ಮುಗಿಸಬಹುದು. ರಾಜಿಗೆ ಅವಕಾಶವಿಲ್ಲದ, ಆದರೆ ಮುಖ್ಯವಾಗಿ ಖಾಸಗಿ ಸ್ವರೂಪದ ಪ್ರಕರಣಗಳನ್ನು, ಉದಾಹರಣೆಗೆ ದಾಂಪತ್ಯ ಕಲಹ ಅಥವಾ ವ್ಯಾಪಾರದ ತಕರಾರುಗಳನ್ನು, ರಾಜಿಯ ಆಧಾರದಲ್ಲಿ ಉಚ್ಚ ನ್ಯಾಯಾಲಯ ರದ್ದುಪಡಿಸಬಹುದೆಂದು 2012ರ ಗ್ಯಾನ್ ಸಿಂಗ್ ತೀರ್ಪು ಹೇಳಿತು. ಕೊಲೆ, ಅತ್ಯಾಚಾರ, ದರೋಡೆಯಂಥ ಸಮಾಜದ ಮೇಲಿನ ಅಪರಾಧಗಳಿಗೆ ಇದು ಅನ್ವಯಿಸದು. ಮಗುವಿನ ಮೇಲಿನ ಲೈಂಗಿಕ ದೌರ್ಜನ್ಯದ ಪ್ರಕರಣವೊಂದನ್ನು ರಾಜಿಯ ಮೇಲೆ ರದ್ದುಪಡಿಸಿದ್ದನ್ನು ಸರ್ವೋಚ್ಚ ನ್ಯಾಯಾಲಯ 2024ರ ನವೆಂಬರಿನಲ್ಲಿ ತಳ್ಳಿಹಾಕಿತು, ಅದು ಸರಿಯೇ. ರಾಜಿ ಅರ್ಜಿಗೆ ದೂರುದಾರರ ಅಫಿಡವಿಟ್ ಮುಖ್ಯ. ಒತ್ತಾಯವಿಲ್ಲದೆ, ಅರ್ಥ ಮಾಡಿಕೊಂಡು ಸಹಿ ಹಾಕಿದ್ದಾಗಿ ಅದರಲ್ಲಿರಬೇಕು. ದೂರುದಾರರು ಕನ್ನಡ ಮಾತ್ರ ಬಲ್ಲವರಾದರೆ, ಕನ್ನಡದಲ್ಲಿ ಓದಿ ಹೇಳಲಾಯಿತು ಎಂಬ ಒಕ್ಕಣೆ ಸೇರಿಸಿ. ಸರ್ಕಾರಿ ಅಭಿಯೋಜಕರು ಠಾಣೆಯ ಮೂಲಕ ಅವರ ಹೇಳಿಕೆ ಪಡೆದು ರಾಜಿಯನ್ನು ಖಚಿತಪಡಿಸಿಕೊಳ್ಳುತ್ತಾರೆ.

ಅರ್ಜಿಯ ಸಿದ್ಧತೆ ಮತ್ತು ವಿಚಾರಣೆ

ಅರ್ಜಿಯಲ್ಲಿ ಕೇರಳ ರಾಜ್ಯ ಮೊದಲ ಎದುರುದಾರ. ದೂರುದಾರರನ್ನು ತಪ್ಪದೆ ಸೇರಿಸಬೇಕು. ದಿನಾಂಕಗಳ ಪಟ್ಟಿ, ಸಂಗತಿಗಳು, ಆಧಾರಗಳು, ಪ್ರಾರ್ಥನೆ, ಅಫಿಡವಿಟ್, ಲಗತ್ತುಗಳು, ವಕಾಲತ್ತು ಇವು ಅದರ ಭಾಗಗಳು. ವಿಚಾರಣೆಗೆ ತಡೆ ಬೇಕಿದ್ದರೆ ಪ್ರತ್ಯೇಕ ಮಧ್ಯಂತರ ಅರ್ಜಿ ಇರಬೇಕು. ಸಂಗತಿಗಳನ್ನು ಬರೆಯುವಾಗ ನಿಮ್ಮ ಕಥೆಯಿಂದ ಆರಂಭಿಸದೆ ದೂರಿನ ಮಾತುಗಳಿಂದ ಆರಂಭಿಸಿ. ನಿಮಗೆ ಪ್ರತಿಕೂಲವಾದ ಸಂಗತಿಯನ್ನು, ಹಿಂದೆ ಹಾಕಿದ ಅರ್ಜಿಯನ್ನು ಮುಚ್ಚಿಡಬೇಡಿ. ಮುಚ್ಚಿಟ್ಟದ್ದು ಬಯಲಾದರೆ ಉಳಿದ ವಾದಕ್ಕೂ ಬೆಲೆ ಉಳಿಯದು. ಎಲ್ಲ ಆಧಾರಗಳನ್ನೂ ಮೊದಲ ಅರ್ಜಿಯಲ್ಲಿಯೇ ಹೇಳಬೇಕು, ಏಕೆಂದರೆ ಆಗಲೇ ಲಭ್ಯವಿದ್ದ ಆಧಾರದ ಮೇಲೆ ಎರಡನೆಯ ಅರ್ಜಿ ನಿಲ್ಲದೆಂದು 2023ರ ಭೀಷಮ್ ಲಾಲ್ ವರ್ಮಾ ತೀರ್ಪು ಹೇಳಿದೆ. ಗಲ್ಫ್‌ನಲ್ಲಿರುವವರು ಅಫಿಡವಿಟನ್ನು ಅಲ್ಲಿನ ಭಾರತೀಯ ದೂತಾವಾಸದಲ್ಲಿ ದೃಢೀಕರಿಸುವ ಬಗ್ಗೆ ವಕೀಲರೊಂದಿಗೆ ಮೊದಲೇ ಮಾತನಾಡಿಕೊಳ್ಳಬೇಕು. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ಬಂಧನದಲ್ಲಿರುವವರು 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ ಪ್ರಕಾರ ಉಚಿತ ವಕೀಲರ ನೆರವಿಗೆ ಅರ್ಹರು. ಕಾಸರಗೋಡಿನ ಜಿಲ್ಲಾ ಪ್ರಾಧಿಕಾರದಲ್ಲಿ ವಿಚಾರಿಸಬಹುದು.

ಮೊದಲ ದಿನ ಸರ್ಕಾರಿ ಅಭಿಯೋಜಕರು ಠಾಣೆಯಿಂದ ಮಾಹಿತಿ ತರಿಸಲು ಸಮಯ ಕೇಳುತ್ತಾರೆ, ದೂರುದಾರರಿಗೆ ನೋಟಿಸ್ ಹೋಗುತ್ತದೆ. ತಡೆಯಾಜ್ಞೆ ಸಿಕ್ಕಿದರೆ ಅದು ಆರು ತಿಂಗಳಿಗೆ ತಾನಾಗಿ ರದ್ದಾಗುತ್ತದೆ ಎಂಬ ಹಳೆಯ ನಿಯಮ ಈಗಿಲ್ಲ. 2024ರ ಫೆಬ್ರವರಿ 29ರಂದು ಸಂವಿಧಾನ ಪೀಠ ಅದನ್ನು ತೆಗೆದುಹಾಕಿತು. ಆದರೂ ಆದೇಶದಲ್ಲಿ ಅವಧಿ ನಮೂದಿಸಿದ್ದರೆ ಅದನ್ನು ವಿಸ್ತರಿಸಿಕೊಳ್ಳುವುದು ನಿಮ್ಮ ಹೊಣೆ.

ವಾದ ನಡೆಯುವಾಗ ನ್ಯಾಯಮೂರ್ತಿಗಳು ‘ಇದೆಲ್ಲ ಸಾಕ್ಷ್ಯದ ವಿಷಯ’ ಎಂದು ಸೂಚಿಸಿದರೆ, ಪ್ರತಿಕೂಲ ಆದೇಶ ಪಡೆಯುವ ಬದಲು ಡಿಸ್ಚಾರ್ಜ್ ಕೋರುವ ಹಕ್ಕನ್ನು ಕಾಯ್ದಿರಿಸಿ ಅರ್ಜಿಯನ್ನು ಹಿಂಪಡೆಯುವುದು ಹಲವು ಬಾರಿ ಜಾಣತನ. ಆದ್ದರಿಂದ ಆ ದಿನ ವಕೀಲರಿಗೆ ಫೋನಿನಲ್ಲಿ ಸಿಗುವಂತಿರಿ. ಕೆಲವು ಕಲಂಗಳನ್ನು, ಅಥವಾ ಕೆಲವು ಆರೋಪಿಗಳ ಮಟ್ಟಿಗೆ ಮಾತ್ರ ರದ್ದುಪಡಿಸುವುದೂ ಉಂಟು.

ಆದೇಶದ ನಂತರ

ಅರ್ಜಿ ವಜಾ ಆದರೆ ಸಂವಿಧಾನದ 136ನೇ ವಿಧಿಯ ಪ್ರಕಾರ 90 ದಿನಗಳೊಳಗೆ ಸರ್ವೋಚ್ಚ ನ್ಯಾಯಾಲಯಕ್ಕೆ ಹೋಗಬಹುದು. ಅದೇ ಉಚ್ಚ ನ್ಯಾಯಾಲಯ 403ನೇ ಕಲಮಿನ ಕಾರಣ ತನ್ನ ಆದೇಶವನ್ನು ಮರುಪರಿಶೀಲಿಸದು. ವಜಾ ಆಯಿತೆಂದರೆ ಅಪರಾಧಿ ಎಂದು ತೀರ್ಪಾಯಿತು ಎಂದಲ್ಲ, ವಿಚಾರಣೆಯಲ್ಲಿ ಎಲ್ಲ ವಾದವೂ ಉಳಿದಿರುತ್ತದೆ. ಅರ್ಜಿ ಪುರಸ್ಕೃತವಾದರೆ ದೃಢೀಕೃತ ನಕಲುಗಳನ್ನು ಪಡೆದು ಒಂದನ್ನು ಮ್ಯಾಜಿಸ್ಟ್ರೇಟ್ ನ್ಯಾಯಾಲಯದಲ್ಲಿ ಸಲ್ಲಿಸಿ, ಕಡತ ಮುಕ್ತಾಯವಾದದ್ದನ್ನು ಖಚಿತಪಡಿಸಿಕೊಳ್ಳಿ. ಇನ್ನೊಂದನ್ನು ಠಾಣೆಗೆ ಕೊಟ್ಟು ಸ್ವೀಕೃತಿ ಪಡೆಯಿರಿ. ಜಾಮೀನಿಗೆ ಕೊಟ್ಟ ಮೂಲ ದಾಖಲೆಗಳನ್ನು ಹಿಂಪಡೆಯಿರಿ. ಗಲ್ಫ್‌ಗೆ ಹೋಗಿ ಬರುವವರು ಮತ್ತೊಂದು ನಕಲನ್ನು ಕೈಯಲ್ಲಿಟ್ಟುಕೊಳ್ಳಬೇಕು, ಏಕೆಂದರೆ ನ್ಯಾಯಾಲಯದಲ್ಲಿ ಕ್ರಿಮಿನಲ್ ಪ್ರಕರಣ ಬಾಕಿ ಇರುವುದು 1967ರ ಪಾಸ್‌ಪೋರ್ಟ್ ಕಾಯ್ದೆಯ 6ನೇ ಕಲಮಿನ ಪ್ರಕಾರ ಪಾಸ್‌ಪೋರ್ಟ್ ನಿರಾಕರಿಸಲು ಕಾರಣವಾಗುತ್ತದೆ. ಪೊಲೀಸ್ ಪರಿಶೀಲನೆಯ ವೇಳೆ ಹಳೆಯ ಕ್ರೈಂ ನಂಬರ್ ಮತ್ತೆ ಕಾಣಿಸಿಕೊಂಡರೆ ಆ ಆದೇಶದ ನಕಲನ್ನು ಕೂಡಲೇ ಹಾಜರುಪಡಿಸಬಹುದು.